ಸುಣ್ಣದವಳ ಎರವಲು ಕನಸು

ಈ ಕಥೆಯನ್ನು ಚೆನ್ನಾಗಿ ಹೇಳಲು ನನಗೆ ಬರುವುದಿಲ್ಲ. ಮೊದಲೇ ಕ್ಷಮೆ ಕೇಳಿಬಿಡುತ್ತೇನೆ. ಇದುವರೆಗೆ ನಾನು ಕಥೆ ಬರೆದವನಲ್ಲ. ಹೇಳಬೇಕಾದ್ದನ್ನು ಒಂದು ಸಲ ಹೇಳಿ ಸುಮ್ಮನಾಗಬೇಕು ಎಂದು ಬಲ್ಲವರು ಹೇಳುತ್ತಾರೆ. ಆದರೆ ಒಂದು ಸಲ ಹೇಳಿ ಬಿಟ್ಟರೆ ಮನೆಗೆ ಬೀಗ ಹಾಕಿದೆನೋ ಇಲ್ಲವೋ ಎನ್ನುವ ಹಾಗೆ ನನಗೆ ಕಸಿವಿಸಿ. ಎಲ್ಲಾದರೂ ವಿವರಣೆ ಹೆಚ್ಚಾಯಿತು ಅನ್ನಿಸಿದರೆ ಆ ಸಾಲನ್ನು ದಾಟಿ ಮುಂದೆ ಓದಿ. ಕಥೆ ಅಲ್ಲೇ ನಿಂತು ನಿಮಗಾಗಿ ಕಾಯುತ್ತಿರುತ್ತದೆ.

ಒಂದು ಊರಿತ್ತು. ಊರಿಗೆ ಒಂದು ನದಿಯಿತ್ತು. ನದಿಯ ದಡದಲ್ಲಿ ಒಂದು ಪುಸ್ತಕಮನೆಯಿತ್ತು. ಪುಸ್ತಕಮನೆಯಲ್ಲಿದ್ದ ಪುಸ್ತಕಗಳೆಲ್ಲ ಒಂದೇ ವಿಷಯದವು: ಮನಸ್ಸಿನ ಕೆಳಗಿರುವ ಮನಸ್ಸು. ಓದಿದವರು ಇದನ್ನು ಸುಪ್ತಮನಸ್ಸು ಅನ್ನುತ್ತಾರೆ, ಅದನ್ನು ಬಗೆದು ನೋಡುವ ವಿದ್ಯೆಗೆ ಮನೋವಿಶ್ಲೇಷಣೆ ಅನ್ನುತ್ತಾರೆ. ಆ ಊರಿನವರು ಅಷ್ಟು ದೊಡ್ಡ ಮಾತು ಆಡುತ್ತಿರಲಿಲ್ಲ. ಅವರು ಅದನ್ನು 'ಕೆಳಮನೆ' ಅನ್ನುತ್ತಿದ್ದರು. ನಾವು ಪಂಚಾಂಗ ನೋಡುವ ಹಾಗೆ ಅವರು ಆ ಪುಸ್ತಕಗಳನ್ನು ನೋಡುತ್ತಿದ್ದರು. ಯಾರಾದರೂ ಮಾತಿನ ನಡುವೆ ಹೆಂಡತಿಯ ಹೆಸರು ಮರೆತರೆ, "ಏನಪ್ಪ, ನಿನ್ನ ಕೆಳಮನೆಯಲ್ಲಿ ಯಾರೋ ಕೆಮ್ಮಿದ ಹಾಗಾಯ್ತು?" ಎಂದು ಜಗಲಿಯವರೆಲ್ಲ ನಗುತ್ತಿದ್ದರು. ಮರೆತವನೂ ನಗುತ್ತಿದ್ದ. ಅವನ ಹೆಂಡತಿ ಮಾತ್ರ ಸಂಜೆಯ ತನಕ ನಗುತ್ತಿರಲಿಲ್ಲ.

ಆ ಊರಿನ ಕಟ್ಟಳೆ ಇದು. ಮದುವೆಯಾಗುವ ಗಂಡೂ ಹೆಣ್ಣೂ ಪುಸ್ತಕಮನೆಯ ಒಂದು ಪುಸ್ತಕವನ್ನು ಓದಿರಬೇಕು. ಇಬ್ಬರು ಒಂದೇ ಮನೆಯಲ್ಲಿ ಬಾಳುವಾಗ, ಆ ಮನೆಗೆ ಕೆಳಗೊಂದು ಮನೆಯಿದೆ ಎಂದು ಇಬ್ಬರಿಗೂ ಗೊತ್ತಿರಲಿ ಎಂದು ಹಿರಿಯರು ಹಾಗೆ ಮಾಡಿದ್ದರು. ಆದರೆ ಪುಸ್ತಕ ಸುಮ್ಮನೆ ಸಿಗುವುದಿಲ್ಲ. ಒಂದು ಕನಸು ಕೊಟ್ಟರೆ ಒಂದು ಪುಸ್ತಕ.

ಕನಸು ಕೊಡುವ ಕ್ರಮ ಹೀಗೆ. ಕನಸು ತಂದವರು ಮರದ ಬೆಂಚಿನ ಮೇಲೆ ಅಂಗಾತ ಮಲಗಬೇಕು. ಪುಸ್ತಕಮನೆಯನ್ನು ನೋಡಿಕೊಳ್ಳುವ ಹೆಂಗಸು, ಅವಳನ್ನು ಎಲ್ಲರೂ ಪುಸ್ತಕದಮ್ಮ ಅನ್ನುತ್ತಿದ್ದರು, ಅವರ ತಲೆದೆಸೆಯಲ್ಲಿ ಕೂರಬೇಕು. ಮಲಗಿದವರಿಗೆ ಅವಳ ಮುಖ ಕಾಣಬಾರದು. ಅವಳ ಕೈಯಲ್ಲಿ ನೆನೆಹಾಕಿದ ಅವರೆಕಾಳಿನ ಬುಟ್ಟಿ ಇರಬೇಕು. ಮಲಗಿದವರು ಕನಸು ಹೇಳುತ್ತ ಹೋಗಬೇಕು, ಅವಳು ಅವರೆಕಾಳು ಹಿತುಕುತ್ತ ಹೋಗಬೇಕು. ಕನಸು ಮುಗಿಯುವವರೆಗೆ ಅವಳ ಬಾಯಿಂದ ಮೂರು ಮಾತುಗಳಿಗೆ ಮಾತ್ರ ಅಪ್ಪಣೆ: ಹೂಂ. ಮತ್ತೆ? ಆಮೇಲೆ?

ಅವರೆಕಾಳು ಏಕೆಂದು ಹೇಳಬೇಕು. ನೆನೆದ ಕಾಳನ್ನು ಎರಡು ಬೆರಳ ನಡುವೆ ಹಿಡಿದು ಮೆಲ್ಲನೆ ಒತ್ತಿದರೆ ಸಿಪ್ಪೆ ಬೆರಳಲ್ಲಿ ಉಳಿದು ಬೇಳೆ ಪುಳಕ್ಕನೆ ಹಾರಿ ಪಾತ್ರೆಗೆ ಬೀಳುತ್ತದೆ. ಉಗುರು ಹಾಕಿ ಕಿತ್ತರೆ ಮುರಿಯುತ್ತದೆ. ಒತ್ತಿದರೆ ತಾನೇ ಬರುತ್ತದೆ. ಇದರಲ್ಲಿ ಒಂದು ಅರ್ಥವಿದೆ, ಮುಂದೆ ಹೇಳೋಣ ಎಂದುಕೊಂಡಿದ್ದೆ, ಆದರೆ ಈಗಲೇ ಹೇಳುವುದು ವಾಸಿ: ಮನಸ್ಸಿನ ಒಳಗಿರುವುದೂ ಹಾಗೆಯೇ. ಇನ್ನೊಂದು ಕಾರಣವೂ ಇತ್ತು. ಕೈಗೆ ಕೆಲಸವಿಲ್ಲದಿದ್ದರೆ ಕೇಳುವವರ ಬಾಯಿ ಸುಮ್ಮನಿರುವುದಿಲ್ಲ, ಬುದ್ಧಿ ಹೇಳಲು ಶುರುಮಾಡುತ್ತದೆ. ಹಾಗಾಗಿ ಅವರೆ ಬರುವ ಚಳಿಗಾಲದಲ್ಲಿ ಮಾತ್ರ ಪುಸ್ತಕಮನೆ ಕನಸು ತೆಗೆದುಕೊಳ್ಳುತ್ತಿತ್ತು. ಅವರೆ ಮುಗಿಯಿತೆಂದರೆ ಬೆಂಚು ಗೋಡೆಗೆ ಒರಗುತ್ತಿತ್ತು, ಬರುವ ಚಳಿಯವರೆಗೆ.

ಆ ಊರಿನಲ್ಲಿ ಒಬ್ಬಳು ಸುಣ್ಣದವಳಿದ್ದಳು. ಊರಿನ ಗೋಡೆಗಳಿಗೆಲ್ಲ ಸುಣ್ಣ ಬಳಿಯುವುದು ಅವಳ ಕೆಲಸ. ಅವಳ ತಾಯಿಯ ಕೆಲಸವೂ ಅದೇ ಆಗಿತ್ತು. ತಾಯಿ ಅವಳು ಚಿಕ್ಕವಳಿದ್ದಾಗಲೇ ತೀರಿಕೊಂಡಿದ್ದಳು. ಸುಣ್ಣದವಳಿಗೆ ಒಂದೇ ಕೊರತೆ: ಕನಸು ಬೀಳುತ್ತಿರಲಿಲ್ಲ. ಮಲಗಿದರೆ ನಿದ್ದೆ, ಎದ್ದರೆ ಬೆಳಗು, ನಡುವೆ ಏನೂ ಇಲ್ಲ. ಅವಳ ನಿದ್ದೆ ಆಗತಾನೆ ಸುಣ್ಣ ಹೊಡೆದ ಗೋಡೆಯ ಹಾಗೆ, ಈ ಮೂಲೆಯಿಂದ ಆ ಮೂಲೆಯವರೆಗೆ ಬಿಳಿ.

ಇದರಿಂದ ಅವಳಿಗೆ ಏನೂ ತೊಂದರೆಯಾಗಿರಲಿಲ್ಲ, ಹರಿಗೋಲಿನವನನ್ನು ಒಪ್ಪುವ ತನಕ.

ಹರಿಗೋಲಿನವನು ಜನರನ್ನು ನದಿ ದಾಟಿಸುವವನು. ಅವನಿಗೆ ಕನಸಿಗೇನೂ ಬರವಿರಲಿಲ್ಲ. ಒಂದು ಬೀದಿಗೆ ಸಾಕಾಗುವಷ್ಟು ಕನಸು ಅವನೊಬ್ಬನಿಗೇ ಬೀಳುತ್ತಿತ್ತು. ಯಾವಾಗಲೋ ಒಂದು ಕನಸು ಕೊಟ್ಟು, ಪುಸ್ತಕ ಓದಿ, ಮದುವೆಗೆ ತಯಾರಾಗಿ ಕುಳಿತಿದ್ದ. ಅವನ ತಾಯಿ ಮಾತ್ರ ರಾಗ ಎಳೆದಳು. "ಹುಡುಗಿ ಒಳ್ಳೆಯವಳು, ಇಲ್ಲ ಅನ್ನಲಿಲ್ಲ. ಆದರೆ ಕನಸು ಬೀಳದ ಸೊಸೆ ಬಂದರೆ ಬೆಳಗ್ಗೆ ರೊಟ್ಟಿ ತಟ್ಟುವಾಗ ನಾವು ಏನು ಮಾತಾಡೋದು? ಈ ಅವರೆಗೆ ಪುಸ್ತಕ ತಂದರೆ ಸರಿ. ಇಲ್ಲದಿದ್ದರೆ ನಾನು ಬೇರೆ ಕಡೆ ನೋಡುತ್ತೇನೆ."

ಅವರೆಯೋ, ಮುಗಿಯುತ್ತ ಬಂದಿತ್ತು. ಸಂತೆಯಲ್ಲಿ ಕಾಯಿ ಬಲಿತು ಹಳದಿಯಾಗಿತ್ತು.

ಸುಣ್ಣದವಳು ಮಾಡಬಾರದ್ದೆಲ್ಲ ಮಾಡಿದಳು. ತಲೆದಿಂಬು ಬದಲಿಸಿದಳು. ಪಡುವಣಕ್ಕೆ ತಲೆ ಹಾಕಿದಳು. ಹೊಟ್ಟೆ ಬಿರಿಯ ಹುಗ್ಗಿ ಉಂಡು ಮಲಗಿದಳು. ಬಿಳಿ. ಬಿಳಿ. ಬಿಳಿ. ಕೊನೆಗೆ, ಮನೆಯಲ್ಲಿ ಬೇಳೆ ಇಲ್ಲದಾಗ ಎಲ್ಲರೂ ಏನು ಮಾಡುತ್ತಾರೋ ಅದನ್ನೇ ಮಾಡಿದಳು. ಪಕ್ಕದ ಮನೆಗೆ ಹೋದಳು.

ಪಕ್ಕದ ಮನೆಯಲ್ಲಿ ಹಪ್ಪಳದವಳಿದ್ದಳು, ಹಪ್ಪಳ ಒತ್ತಿ ಮಾರುವವಳು.

"ಅಕ್ಕಾ, ಒಂದು ಕನಸು ಇದ್ದರೆ ಕೊಡು."

"ಒಂದೇ ಸಾಕೇನೇ? ತಗೋ ತಾಯಿ. ನನ್ನ ಕೆಳಮನೆಯಲ್ಲಿ ಬಾಡಿಗೆಗೆ ಇರೋರೇ ಹೆಚ್ಚು," ಎಂದು ಹಪ್ಪಳದವಳು ಲಟ್ಟಣಿಗೆ ನಿಲ್ಲಿಸದೆಯೇ ಕನಸು ಹೇಳಿದಳು. ಅವಳು ಒಂದೇ ಕಾಲಿಗೆ ಚಪ್ಪಲಿ ಹಾಕಿಕೊಂಡು ಅಜ್ಜಿಯ ಮನೆಗೆ ಹೋಗುತ್ತಾಳೆ. ಅಜ್ಜಿಯ ಮನೆಯ ಮೆಟ್ಟಿಲುಗಳೆಲ್ಲ ಹಪ್ಪಳ. ಹತ್ತಿದರೆ ಮುರಿಯುವುದಿಲ್ಲ. ಮೇಲೆ ಅಜ್ಜಿ ಇಲ್ಲ, ಒಂದು ಮೇಕೆ ಕೂತು ಲೆಕ್ಕ ಹೇಳಿಕೊಡುತ್ತಿದೆ.

ಸುಣ್ಣದವಳು ಆ ಕನಸನ್ನು ಮಗ್ಗಿಯ ಹಾಗೆ ಬಾಯಿಪಾಠ ಮಾಡಿದಳು. ಸುಣ್ಣ ಬಳಿಯುತ್ತ ಹೇಳಿಕೊಂಡಳು, ನೀರು ಹೊರುತ್ತ ಹೇಳಿಕೊಂಡಳು. ಪುಸ್ತಕಮನೆಗೆ ಹೋಗಿ, ಬೆಂಚಿನ ಮೇಲೆ ಮಲಗಿ, ಚಪ್ಪಲಿಯಿಂದ ಮೇಕೆಯವರೆಗೆ ಎಲ್ಲೂ ನಿಲ್ಲದೆ ಒಪ್ಪಿಸಿದಳು. ಅವರೆಕಾಳು ಪುಳಕ್, ಪುಳಕ್ ಎಂದು ಒಂದೇ ತಾಳದಲ್ಲಿ ಪಾತ್ರೆಗೆ ಬಿದ್ದವು.

"ಚೆನ್ನಾಗಿದೆ ಮಗಳೇ," ಎಂದಳು ಪುಸ್ತಕದಮ್ಮ, ಕನಸು ಮುಗಿದಿದ್ದರಿಂದ ಈಗ ಅವಳು ಮಾತಾಡಬಹುದಿತ್ತು. "ಯಾರ ಮನೆಯದು?"

ಸುಣ್ಣದವಳು ಎದ್ದು ಸೆರಗು ಸರಿಮಾಡಿಕೊಂಡಳು.

"ಎಲ್ಲೂ ಎಡವಲಿಲ್ಲ ನೀನು. ಜನ ಎಡವೋದು ತಮ್ಮ ಮನೆಯ ಹೊಸ್ತಿಲನ್ನೇ. ಕಂಡವರ ಮನೆಯಲ್ಲಿ ನೋಡಿಕೊಂಡು ನಡೀತಾರೆ. ತಗೊಂಡು ಹೋಗಿ ಕೊಟ್ಟುಬಿಡು, ಪಾಪ, ಹುಡುಕ್ತಿರ್ತಾರೆ." ಬಾಗಿಲವರೆಗೆ ಬಂದು ಮತ್ತೂ ಒಂದು ಮಾತು ಹೇಳಿದಳು: "ನಾಳೆಗೆ ಇರೋದು ಕೊನೆಯ ಬುಟ್ಟಿ. ತರೋದಿದ್ದರೆ ನಾಳೆ ತಾ."

ಸುಣ್ಣದವಳು ನೇರವಾಗಿ ನದಿಗೆ ಹೋದಳು. ಹರಿಗೋಲಿನವನು ಹರಿಗೋಲನ್ನು ಬೋರಲು ಹಾಕಿ ತಳಕ್ಕೆ ಡಾಂಬರು ಹಚ್ಚುತ್ತಿದ್ದ.

"ಏನೇ, ಮುಖ ಸುಟ್ಟ ಬದನೆಕಾಯಿ ಆಗಿದೆ?"

"ನಿನಗೇನು. ಕಣ್ಣು ಮುಚ್ಚಿದರೆ ಬಯಲಾಟ. ನಾಳೆ ಸಂಜೆ ನಿನ್ನ ಅಮ್ಮ ನಿನಗೆ ಬೇರೆ ಹೆಣ್ಣು ಹುಡುಕಲು ಹೊರಡ್ತಾಳೆ. ಅವಳಿಗೆ ದಿನಾ ಕನಸು ಬೀಳುತ್ತೆ. ಸುಖವಾಗಿರು."

ಹರಿಗೋಲಿನವನು ಡಾಂಬರಿನ ಕೋಲು ಕೆಳಗಿಟ್ಟ. ಅವನಿಗೂ ಭಯವಾಗಿತ್ತು. ಆದರೆ ಭಯವಾದಾಗ ಅವನು ಜೋರಾಗಿ ಮಾತಾಡುತ್ತಿದ್ದ. "ಯಾಕೆ ಅಳ್ತೀಯ? ನನ್ನದರಲ್ಲಿ ಒಂದು ತಗೋ. ಇವತ್ತು ಬೆಳಗಿನದು, ಇನ್ನೂ ಬಿಸಿ ಇದೆ."

"ಎಡವಬೇಕಂತೆ."

"ಎಡವೋದು ತಾನೆ? ನಾನು ಕಲಿಸ್ತೀನಿ. ಮೊಸಳೆ ಬಂದಾಗ ಒಂದು ಸಲ ಕೆಮ್ಮಿಬಿಡು. ಭಜನೆ ಹತ್ತಿರ 'ಅಯ್ಯೋ, ಏನೋ ಇತ್ತಲ್ಲ' ಅಂತ ತಲೆ ಕೆರ್ಕೋ."

ಅವನ ಕನಸು ಇದು. ಒಂದು ಹುಣಸೆಮರ ನಡೆದುಕೊಂಡು ಬಂದು ಹರಿಗೋಲು ಹತ್ತುತ್ತದೆ. "ಆ ದಡಕ್ಕೆ ಬಿಡಪ್ಪ" ಅನ್ನುತ್ತದೆ. ನಡು ನೀರಿನಲ್ಲಿ ನೋಡಿದರೆ ಕೊಂಬೆಕೊಂಬೆಗೂ ಮೊಸಳೆಮರಿಗಳು ಕೂತು ಭಜನೆ ಮಾಡುತ್ತಿವೆ. ಆ ದಡ ಬರುತ್ತದೆ. ಮರ ಇಳಿದು, ತಿರುಗಿ, "ನಾಳೆ ನನ್ನ ತಮ್ಮನೂ ಬರ್ತಾನೆ, ಜಾಗ ಇಟ್ಟಿರು" ಎಂದು ಹೇಳಿ ಹೋಗುತ್ತದೆ. ಅಷ್ಟೇ. ಅವನ ಪಾಲಿಗೆ ಇದು ಸಣ್ಣ ಕನಸು.

ಮಾರನೆಯ ದಿನ ಸುಣ್ಣದವಳು ಮತ್ತೆ ಅದೇ ಬೆಂಚಿನ ಮೇಲೆ ಮಲಗಿದಳು. ಪುಸ್ತಕದಮ್ಮ ಕೊನೆಯ ಬುಟ್ಟಿ ಹಿಡಿದು ತಲೆದೆಸೆಯಲ್ಲಿ ಕುಳಿತಳು. ಹರಿಗೋಲಿನವನು ಕಿಟಕಿಯ ಹೊರಗೆ ಗೋಡೆಗೆ ಅಂಟಿಕೊಂಡು ನಿಂತ. ಹಪ್ಪಳದವಳೂ ಬಂದು ಅವನ ಪಕ್ಕ ನಿಂತಳು. ಕನಸು ಹೇಳುವಾಗ ಹೊರಗೆ ನಿಂತು ಕೇಳಬಾರದು ಎಂಬ ನಿಯಮ ಆ ಊರಿನಲ್ಲಿತ್ತು. ಎಲ್ಲರೂ ಹೊರಗೆ ನಿಂತು ಕೇಳುತ್ತಿದ್ದರು.

"ಒಂದು ಹುಣಸೆಮರ ನಡೆದು ಬಂತು," ಎಂದಳು ಸುಣ್ಣದವಳು.

"ಹೂಂ."

"ಹರಿಗೋಲು ಹತ್ತಿತು."

"ಮತ್ತೆ?"

"ಕೊಂಬೆಯ ತುಂಬ ಮೊಸಳೆ..." ಅವಳು ಕೆಮ್ಮಿದಳು. ಪುಳಕ್ ಎಂದು ಬೇಳೆ ಹಾರಿತು. ಆ ಕೆಮ್ಮಿಗೆ ಪುಸ್ತಕದಮ್ಮನ ಬೆರಳು ಒಂದು ಚೂರೂ ನಿಲ್ಲಲಿಲ್ಲ. ಸುಣ್ಣದವಳು ಭಜನೆಯ ಹತ್ತಿರ ತಲೆ ಕೆರೆದುಕೊಂಡಳು. ಪುಳಕ್. ಪುಳಕ್.

"ಆಮೇಲೆ?"

"ಆಮೇಲೆ ಆ ದಡ ಬಂತು. ಮರ ಇಳಿಯಿತು. ಇಳಿದು..." ಸುಣ್ಣದವಳಿಗೆ ಮುಂದಿನದು ಮರೆತುಹೋಯಿತು. ಬೇಕೆಂದು ಮರೆತದ್ದಲ್ಲ, ನಿಜವಾಗಿ ಮರೆತುಹೋಯಿತು. ಮರ ಏನೋ ಹೇಳಬೇಕಿತ್ತು. ಏನು? ಬಾಯಿ ತಾನಾಗಿ ಮುಂದೆ ನಡೆಯಿತು. "ಇಳಿದು ನೋಡಿದರೆ ಅಲ್ಲಿ ಒಂದು ಗೋಡೆ. ಬಿಳಿ ಗೋಡೆ, ಇನ್ನೂ ಹಸಿ. ಗೋಡೆಯ ಮೇಲೆ ಹಕ್ಕಿಗಳು. ನೀಲಿ ಹಕ್ಕಿಗಳು. ಒಂದೊಂದಕ್ಕೂ ಐದೈದು ಕತ್ತು..."

"ಏ!" ಎಂದು ಕಿಟಕಿಯ ಹೊರಗಿನಿಂದ ಹರಿಗೋಲಿನವನು ಕೂಗಿಯೇಬಿಟ್ಟ. "ಗೋಡೆ ಎಲ್ಲಿಂದ ತಂದ್ಯೇ? ನನ್ನ ಕನಸಿನಲ್ಲಿ ಗೋಡೆ ಇರಲಿಲ್ಲ!"

ಅವನು ಅದನ್ನು ಯಾಕೆ ಕೂಗಿದ ಎಂದರೆ, ಕನಸು ಹೇಳುವವರಿಗೆ ತಮ್ಮ ಕನಸನ್ನು ಯಾರಾದರೂ ತಪ್ಪಾಗಿ ಹೇಳಿದರೆ ತಡೆದುಕೊಳ್ಳಲು ಆಗುವುದಿಲ್ಲ. ಹಾಡುಗಾರರೂ ಹಾಗೆಯೇ. ಕೂಗಿದ ಮೇಲೆ ತಾನು ಏನು ಮಾಡಿದೆ ಎಂದು ತಿಳಿದು ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡ. ಹಪ್ಪಳದವಳು ಅವನ ಬೆನ್ನಿಗೆ ಒಂದು ಗುದ್ದಿದಳು. "ಮುಚ್ಕೊಂಡು ಈಗೇನು ಬಂತು, ಮಂಕೇ!"

ಸುಣ್ಣದವಳು ಬೆಂಚಿನ ಮೇಲೆ ಎದ್ದು ಕುಳಿತಳು. ಎಲ್ಲ ಹೋಯಿತು ಅಂದುಕೊಂಡಳು. ಪುಸ್ತಕ ಹೋಯಿತು. ಹರಿಗೋಲು ಹೋಯಿತು. ಹರಿಗೋಲಿನವನು ಹೋದ. ಇನ್ನು ಊರಿನ ಗೋಡೆಗಳು, ಬಿಳಿ, ಬಿಳಿ, ಸಾಯುವ ತನಕ ಬಿಳಿ. ಅವಳ ಕಣ್ಣಿನಲ್ಲಿ ನೀರು ತುಂಬಿತು.

ಆದರೆ ಪುಸ್ತಕದಮ್ಮನ ಬೆರಳುಗಳು ನಿಂತಿದ್ದವು. ಅರ್ಧ ಹೊರಗೆ, ಅರ್ಧ ಸಿಪ್ಪೆಯೊಳಗೆ, ಒಂದು ಬೇಳೆ ಅವಳ ಬೆರಳಲ್ಲಿ ಹಾಗೇ ಉಳಿದಿತ್ತು.

"ಹರಿಗೋಲಿನವನೇ," ಎಂದಳು ಅವಳು ಕಿಟಕಿಯ ಕಡೆಗೆ. ಕನಸಿನ ನಡುವೆ ಮೂರು ಮಾತುಗಳ ಆಚೆ ಅವಳು ಮಾತಾಡಿದ್ದನ್ನು ಊರು ಅಂದೇ ಮೊದಲು ಕೇಳಿದ್ದು. "ನಿನ್ನದಲ್ಲದ್ದು ಯಾವುದು, ಅಷ್ಟು ಹೇಳು."

"ತಪ್ಪಾಯ್ತಮ್ಮ, ಅವಳದೇನೂ ತಪ್ಪಿಲ್ಲ, ನಾನೇ ಕೊಟ್ಟೆ..."

"ತಪ್ಪು ಯಾರದು ಅಂತ ಕೇಳಲಿಲ್ಲ. ನಿನ್ನದಲ್ಲದ್ದು ಯಾವುದು?"

"ಮರ ನನ್ನದು. ಮೊಸಳೆ ನನ್ನದು. ಭಜನೆ ನನ್ನದು. ಗೋಡೆ ನನ್ನದಲ್ಲ. ಹಕ್ಕಿ ನನ್ನದಲ್ಲ. ಐದು ಕತ್ತಿನ ಹಕ್ಕಿ ನನಗೇ ಬಿದ್ದಿಲ್ಲ ಅಂದ್ಮೇಲೆ ಲೆಕ್ಕ ಹಾಕಿ."

"ಹಾಗಾದರೆ ನಿನ್ನ ಮರ, ಮೊಸಳೆ, ಭಜನೆ ಎಲ್ಲ ಗಂಟು ಕಟ್ಕೊಂಡು ಆಚೆ ಸರಿ. ಉಳಿದದ್ದು ಯಾರದು ನೋಡೋಣ." ಅವಳು ಸುಣ್ಣದವಳ ಹೆಗಲು ಮುಟ್ಟಿದಳು. "ಮಲಗು ಮಗಳೇ. ಗೋಡೆ. ಮತ್ತೆ?"

ಸುಣ್ಣದವಳು ಮಲಗಿದಳು. "ಗೋಡೆ," ಎಂದಳು. "ಹಸಿ ಗೋಡೆ."

"ಹೂಂ."

"ನೀಲಿ. ಸುಣ್ಣಕ್ಕೆ ನೀಲಿ ಹಾಕ್ತಾರೆ, ಬಿಳುಪು ಎದ್ದು ಕಾಣಲಿ ಅಂತ. ಚೂರೇ ಚೂರು. ಅಮ್ಮ ಅದನ್ನ ಒಂದು ಬಟ್ಟಲಿನಲ್ಲಿ ಕಲಸಿ ಇಡ್ತಿದ್ದಳು."

"ಮತ್ತೆ?"

"ನಾನು ಬಟ್ಟಲಿಗೆ ಕೈ ಹಾಕಿದೆ. ಎರಡೂ ಕೈ. ಅಮ್ಮ ಬಳಿದ ಗೋಡೆಯ ಮೇಲೆ ಒತ್ತಿಬಿಟ್ಟೆ." ಸುಣ್ಣದವಳ ದನಿ ಸಣ್ಣದಾಯಿತು, ಚಿಕ್ಕ ಹುಡುಗಿಯ ದನಿಯಾಯಿತು. "ಐದೈದು ಬೆರಳು. ಅಮ್ಮ ಕುಂಚ ಹಿಡಿದು ಬಂದಳು. ನಾನು ಬೆನ್ನು ಕೊಟ್ಟು ನಿಂತೆ, ಏಟು ಬೀಳುತ್ತೆ ಅಂತ."

ಹೊರಗೆ ಹಪ್ಪಳದವಳು ಸೆರಗಿನಿಂದ ಬಾಯಿ ಮುಚ್ಚಿಕೊಂಡಳು. ಆ ಊರಿನಲ್ಲಿ ಎಲ್ಲರಿಗೂ ಗೊತ್ತಿತ್ತು, ಕೆಳಮನೆಯ ಬಾಗಿಲು ತೆರೆದರೆ ಹಾವು ಬರುತ್ತದೆ ಎಂದು. ಪುಸ್ತಕಗಳೂ ಹಾಗೇ ಹೇಳುತ್ತಿದ್ದವು. ಎಲ್ಲರೂ ಹಾವಿಗಾಗಿ ಕಾದರು.

"ಆಮೇಲೆ?"

"ಏಟು ಬೀಳಲಿಲ್ಲ. ಅಮ್ಮ ಬೀದಿಯ ಆಚೆ ನೋಡಿದಳು, ಈಚೆ ನೋಡಿದಳು. ಯಾರೂ ಇರಲಿಲ್ಲ. ಕುಂಚ ಕೆಳಗಿಟ್ಟಳು. ಸೆರಗು ಸೊಂಟಕ್ಕೆ ಸಿಕ್ಕಿಸಿದಳು. ಬಟ್ಟಲಿಗೆ ತಾನೂ ಕೈ ಹಾಕಿ, ನನ್ನ ಕೈಯ ಗುರುತಿನ ಪಕ್ಕ..." ಸುಣ್ಣದವಳು ನಗಲು ಶುರುಮಾಡಿದಳು. ಮಲಗಿದಲ್ಲೇ, ಕಣ್ಣೀರು ಕಿವಿಗೆ ಇಳಿಯುತ್ತಿದ್ದ ಹಾಗೇ ನಕ್ಕಳು. "ಪಟ್ ಅಂತ ಒಂದು! ಆಮೇಲೆ ನಾನೊಂದು, ಅವಳೊಂದು, ನಾನೊಂದು, ಅವಳೊಂದು. ಗೋಡೆ ಪೂರ್ತಿ! ನೋಡಿದರೆ ಹಕ್ಕಿಯ ಹಿಂಡು ಎದ್ದ ಹಾಗೆ! ಅಷ್ಟರಲ್ಲಿ ಮನೆಯ ಯಜಮಾನರು ಬರೋ ಸದ್ದಾಯ್ತು. ಅಮ್ಮ 'ಬಳಿಯೇ, ಬಳಿಯೇ, ಬೇಗ ಬಳಿಯೇ' ಅಂತ... ಇಬ್ಬರೂ ಉಸಿರು ಬಿಗಿ ಹಿಡಿದು, ಅದರ ಮೇಲೆಲ್ಲ ಬಿಳಿ ಎಳೆದೆವು. ಯಜಮಾನರು ಬಂದು ಗೋಡೆ ನೋಡಿ, 'ಭೇಷ್, ಚೆನ್ನಾಗಿ ಬಂದಿದೆ' ಅಂದರು. ನನ್ನಮ್ಮ ತಲೆ ಬಗ್ಗಿಸಿಕೊಂಡು 'ಹೌದು ಬುದ್ಧಿ' ಅಂದಳು. ಅವಳ ಮೂಗಿನ ತುದಿಯಲ್ಲಿ ನೀಲಿ ಇತ್ತು."

ಪುಳಕ್ ಎಂದು ಬೇಳೆ ಹಾರಿತು. ಪಾತ್ರೆಗಲ್ಲ, ಸೂರಿಗೆ ತಗಲಿ, ಕಿಟಕಿಯಿಂದಾಚೆ ಹರಿಗೋಲಿನವನ ತಲೆಯ ಮೇಲೆ ಬಿತ್ತು. ಪುಸ್ತಕದಮ್ಮ ನಗುತ್ತಿದ್ದಳು. ಕಿಟಕಿಯ ಹೊರಗೆ ನಿಲ್ಲಬಾರದವರೆಲ್ಲ ನಗುತ್ತಿದ್ದರು.

"ಆ ಬೇಸಿಗೆಯಲ್ಲೇ ಅಮ್ಮ ಹೋದಳು," ಎಂದಳು ಸುಣ್ಣದವಳು ನಗು ನಿಂತ ಮೇಲೆ. "ಇದನ್ನ ನಾನು ಇವತ್ತಿನ ತನಕ ಯಾರಿಗೂ ಹೇಳಿಲ್ಲ. ನನಗೇ ಹೇಳಿಕೊಂಡಿಲ್ಲ."

"ಹೂಂ," ಎಂದಳು ಪುಸ್ತಕದಮ್ಮ.

ಹಪ್ಪಳದವಳು ತಡೆಯಲಾರದೆ ಒಳಗೇ ಬಂದುಬಿಟ್ಟಳು. "ಅಮ್ಮಾ, ಕನಸು ಎರವಲು ತಂದದ್ದು ಹೌದು. ಹಾಗಂತ ಪುಸ್ತಕ ಇಲ್ಲ ಅಂತೀರಾ?"

"ನೀನು ಮೊಸರಿಗೆ ಹೆಪ್ಪು ಎಲ್ಲಿಂದ ತರ್ತೀಯೇ?"

"ಇಲ್ಲದಿದ್ದ ದಿನ ಪಕ್ಕದ ಮನೆಯಿಂದ."

"ಮೊಸರು ಯಾರದು ಆಗುತ್ತೆ?"

"ಹಾಲು ನನ್ನದು ತಾನೆ? ಮೊಸರೂ ನನ್ನದೇ!"

"ಮತ್ತೆ ನನ್ನನ್ನೇನು ಕೇಳ್ತೀಯ?" ಎಂದು ಪುಸ್ತಕದಮ್ಮ ಎದ್ದು, ಕಪಾಟಿನಿಂದ ಒಂದು ದಪ್ಪ ಪುಸ್ತಕ ತೆಗೆದು, ಧೂಳು ಊದಿ, ಸುಣ್ಣದವಳ ಎರಡೂ ಕೈಗೆ ಇಟ್ಟಳು.

ಇದರ ಅರ್ಥ ನಿಮಗೆ ಆಗಿರುತ್ತದೆ, ಆದರೂ ಹೇಳುತ್ತೇನೆ. ಹರಿಗೋಲಿನವನ ಕನಸು ಹೆಪ್ಪು. ಸುಣ್ಣದವಳ ಮನಸ್ಸು ಹಾಲು. ಹಾಲು ಎಷ್ಟೋ ವರ್ಷದಿಂದ ಕಾದಿತ್ತು, ಒಂದು ತೊಟ್ಟು ಬೇರೆಯದು ಬಿದ್ದ ಕೂಡಲೇ ತನ್ನದಾಗಿ ಗಟ್ಟಿಯಾಯಿತು. ಇಷ್ಟೇ.

ಸುಣ್ಣದವಳು ಆ ಪುಸ್ತಕವನ್ನು ಹಗಲು ಹೊತ್ತು ಹರಿಗೋಲಿನಲ್ಲಿ ಕುಳಿತು ಓದಿದಳು. ಅವನು ಹುಟ್ಟು ಹಾಕಿದ, ಅವಳು ಗಟ್ಟಿಯಾಗಿ ಓದಿದಳು. ಹರಿಗೋಲು ತಿರುಗಿದ ಹಾಗೆಲ್ಲ ಬಿಸಿಲು ಹಾಳೆಯ ಮೇಲೂ ತಿರುಗುತ್ತಿತ್ತು. ಪುಸ್ತಕ ಒಳ್ಳೆಯದಿತ್ತು. ಮನುಷ್ಯ ತನಗೆ ಹೆದರಿಕೆಯಾದದ್ದನ್ನೆಲ್ಲ ಕೆಳಮನೆಗೆ ತಳ್ಳಿ ಅಗುಳಿ ಹಾಕುತ್ತಾನೆ ಎಂದು ಅದರಲ್ಲಿತ್ತು. ಅಪ್ಪನ ಬೆತ್ತ, ಅಣ್ಣನ ಮೇಲಿನ ಹೊಟ್ಟೆಕಿಚ್ಚು, ಆಡಬಾರದ ಮಾತು, ಮಾಡಬಾರದ ಆಸೆ. ಎಲ್ಲ ನಿಜವಿರಬಹುದು ಅನ್ನಿಸಿತು ಅವಳಿಗೆ. ಹರಿಗೋಲಿನವನು ನಡುನಡುವೆ "ಅದು ನನ್ನ ಚಿಕ್ಕಪ್ಪ! ಅವನನ್ನೇ ನೋಡಿ ಬರೆದಿದ್ದಾರೆ!" ಎಂದು ಕೂಗುತ್ತಿದ್ದ. ಅವಳು ನಕ್ಕು, ಮತ್ತೆ ಓದುತ್ತಿದ್ದಳು.

ಮದುವೆ ಆಯಿತು. ಅತ್ತೆ ಈಗ ಬೇರೆ ದೂರು ಹೇಳುತ್ತಾಳೆ. ಸೊಸೆಗೆ ಕನಸು ಬೀಳಲು ಶುರುವಾಗಿ, ಬೆಳಗ್ಗೆ ಅವಳು ಹೇಳುತ್ತ ಕೂತರೆ ಹೆಂಚಿನ ಮೇಲೆ ರೊಟ್ಟಿ ಸೀದುಹೋಗುತ್ತದಂತೆ. ಹೇಳುವವಳಿಗಿಂತ ಕೇಳುವವಳದೇ ತಪ್ಪು ಎಂದು ಮಗ ಅನ್ನುತ್ತಾನೆ. "ನೀನು ಯಾಕಮ್ಮ 'ಆಮೇಲೆ, ಆಮೇಲೆ' ಅಂತೀಯ?"

ಒಂದು ಪದ್ಧತಿಯನ್ನು ಹೇಳುವುದು ಬಿಟ್ಟುಹೋಯಿತು, ಮೊದಲೇ ಹೇಳಬೇಕಿತ್ತು. ಪುಸ್ತಕ ಹಿಂದಿರುಗಿಸುವಾಗ ಓದಿದವರು ಯಾವುದಾದರೂ ಹಾಳೆಯ ಅಂಚಿನಲ್ಲಿ ತಮ್ಮದೊಂದು ಸಾಲು ಬರೆಯಬೇಕು. ಹೆಚ್ಚಿನವರು 'ಓದಿದೆ, ಹೌದು' ಎಂದು ಬರೆಯುತ್ತಿದ್ದರು. ಸುಣ್ಣದವಳು ಹೆದರಿಕೆಯ ಅಧ್ಯಾಯದ ಅಂಚಿನಲ್ಲಿ ಹೀಗೆ ಬರೆದಳು: 'ಇನ್ನೂ ಕೆಳಗೆ ಕೈ ಹಾಕಿ, ಖುಷಿಯೂ ಇದೆ.' ಪುಸ್ತಕದಮ್ಮ ಅದನ್ನು ಓದಿ, ಕನ್ನಡಕ ತೆಗೆದು ಒರೆಸಿ, ಇನ್ನೊಂದು ಸಲ ಓದಿ, ಪುಸ್ತಕವನ್ನು ಕಪಾಟಿನ ಒಳಗಿಡದೆ ಬಾಗಿಲ ಬಳಿ, ಬಂದವರಿಗೆ ಮೊದಲು ಕಾಣುವ ಕಡೆ ಇಟ್ಟಳು.

ಈಗ ನೀವು ಒಂದು ಪ್ರಶ್ನೆ ಕೇಳಬಹುದು, ನ್ಯಾಯವಾದ ಪ್ರಶ್ನೆ. ನೋವನ್ನು ಮುಚ್ಚಿಡುವುದು ಸರಿ, ಸಂತೋಷವನ್ನು ಯಾರಾದರೂ ಯಾಕೆ ಮುಚ್ಚಿಡುತ್ತಾರೆ? ನಾನು ಇದನ್ನು ಬಹಳ ಯೋಚಿಸಿದ್ದೇನೆ. ಕುಂಚಕ್ಕೆ ಕಣ್ಣಿಲ್ಲ. ತಾಯಿ ಹೋದ ಜಾಗವನ್ನು ಮುಚ್ಚೋಣ ಎಂದು ಬಳಿಯುತ್ತ ಹೋದ ಹುಡುಗಿಗೆ, ಆ ಜಾಗ ಎಲ್ಲಿ ಮುಗಿಯುತ್ತದೆ, ತಾಯಿ ನಕ್ಕ ಜಾಗ ಎಲ್ಲಿಂದ ಶುರುವಾಗುತ್ತದೆ ಎಂದು ಹೇಗೆ ಗೊತ್ತಾಗಬೇಕು? ಹಾಗಾಗಿ ನನಗೆ ಅನ್ನಿಸುವುದು, ಕೆಳಮನೆಗೆ ಇಳಿಯಲು ಹೆದರುವವರು ಮೊಟ್ಟಮೊದಲು ತಿಳಿಯಬೇಕಾದ್ದು ಏನೆಂದರೆ, ಅಲ್ಲಿ ನಮಗಾಗಿ ಕಾಯುತ್ತಿರುವವರು...

ಇರಿ, ನಮ್ಮ ಅತ್ತಿಗೆ ಕೂಗುತ್ತಿದ್ದಾರೆ. ಸಿಲಿಂಡರ್ ತಂದವನು ಮೆಟ್ಟಿಲ ಮೇಲೆ ಅಡ್ಡ ಇಟ್ಟು ಹೋಗಿದ್ದಾನಂತೆ, ಯಾರಿಗೂ ಓಡಾಡಲು ಜಾಗವಿಲ್ಲವಂತೆ. ಬಂದೆ ಅತ್ತಿಗೆ, ಬಂದೆ.